ಪ್ಲೇಗ್ ಬಂದಾಗ ಊರು ಬಿಟ್ಟರು, ಕೊರೊನಾ ಬಂದಾಗ ಮನೆ ಹಿಡಿದರು: ಏಕೆ?

ಪ್ರಶ್ನೆ: ನಮ್ಮ ಮುತ್ತಜ್ಜನ ಕಾಲಕ್ಕ ಪ್ಲೇಗ್ ಬಂದಾಗ ಊರಿಗೆ ಊರೇ ಹೊಲದಾಗ ಗುಡಿಸಲು ಹಾಕ್ಕೊಂಡಿತ್ತಂತ. ಕೊರೊನಾದಾಗ ನೋಡಿದ್ರ ‘ಮನಿ ಬಿಟ್ಟು ಹೊರಗ ಬರಬ್ಯಾಡ್ರಿ’ ಅಂದ್ರು. ಯಾವುದು ಖರೆ? (ಗದಗ ಜಿಲ್ಲೆಯ ಓದುಗರು)

ಉತ್ತರ: ಎರಡೂ ಖರೆ. ಕೊರೊನಾ ಉಸಿರಿನಿಂದ ಉಸಿರಿಗೆ ದಾಟುತ್ತದೆ. ಗಡ್ಡೆ ಪ್ಲೇಗ್ ಹಾಗಲ್ಲ, ಅದು ಮೊದಲು ಇಲಿಯ ರೋಗ. ಇಲಿ ಸತ್ತು ಮೈ ತಣ್ಣಗಾದೊಡನೆ ಅದರ ಮೇಲಿದ್ದ ಚಿಗಟಗಳು ಬೇರೆ ಬಿಸಿರಕ್ತ ಹುಡುಕುತ್ತವೆ. ರೋಗಾಣು ಚಿಗಟದ ಹೊಟ್ಟೆಯ ಬಾಯಿಗೇ ಗಂಟಾಗಿ ಕಟ್ಟಿಕೊಂಡಿರುತ್ತದೆ, ಹೀರಿದ ರಕ್ತ ಒಳಗಿಳಿಯದು. ಹಸಿವು ತಾಳದೆ ಚಿಗಟ ಮತ್ತೆ ಮತ್ತೆ ಕಚ್ಚುತ್ತದೆ, ಕಚ್ಚಿದಲ್ಲೆಲ್ಲ ರೋಗಾಣು ಕಕ್ಕುತ್ತದೆ. ಕೆಲವೇ ದಿನಗಳಲ್ಲಿ ಜ್ವರ, ತೊಡೆಸಂದಿಯಲ್ಲೋ ಕಂಕುಳಲ್ಲೋ ಗಡ್ಡೆ. ಚಿಕಿತ್ಸೆ ಇಲ್ಲದಿದ್ದರೆ 100ರಲ್ಲಿ 30ರಿಂದ 60 ಮಂದಿ ಉಳಿಯುವುದಿಲ್ಲ.

ನಮ್ಮ ಕಡೆಯ ಹಳೆಯ ಮನೆ ನೆನೆಯಿರಿ: ಮಣ್ಣಿನ ಗೋಡೆ, ಮಣ್ಣಿನ ಮಾಳಿಗೆ, ಜೋಳ ತುಂಬಿದ ಹಗೇವು, ಒಂದೇ ಸೂರಿನಡಿ ದನ. ಇಲಿಗೆ ಇನ್ನೇನು ಬೇಕು? ಅದಕ್ಕೇ ‘ಇಲಿ ಬಿದ್ದವು’ ಎಂಬ ಸುದ್ದಿಗೇ ಜನ ಗಂಟುಮೂಟೆ ಕಟ್ಟುತ್ತಿದ್ದರು. ಇಲಿಯಿಂದ ಮನುಷ್ಯನಿಗೆ ರೋಗ ತರುವುದು ಚಿಗಟ ಎಂದು ಫ್ರೆಂಚ್ ವೈದ್ಯ ಸಿಮೋನ್ ತೋರಿಸಿದ್ದು 1898ರಲ್ಲಿ.

ಎಡವುತ್ತಿದ್ದುದು ಆ ಗಂಟಿನಲ್ಲೇ. ಕೌದಿಯ ಮಡಿಕೆಯಲ್ಲಿ, ಕಾಳಿನ ಚೀಲದಲ್ಲಿ ಚಿಗಟವೂ ಹೊರಡುತ್ತಿತ್ತು. ಹೊಲದ ಗುಡಿಸಲಿನ ಬದಲು ಬೀಗರೂರಿಗೆ ಹೋದರೆ ರೋಗವೂ ಆ ಊರಿಗೆ. ಇನ್ನು ಪ್ಲೇಗ್ ಪುಪ್ಪುಸಕ್ಕೆ ಇಳಿದರೆ ಕೆಮ್ಮಿನಿಂದಲೇ ಹರಡುತ್ತದೆ, ಆಗ ಗುಡಿಸಲಿನೊಳಗೂ ಒತ್ತೊತ್ತಾಗಿ ಮಲಗುವಂತಿಲ್ಲ.

1896ರಲ್ಲಿ ಮುಂಬಯಿಗೆ ಬಂದ ಪ್ಲೇಗ್ 1898ರ ಹೊತ್ತಿಗೆ ಹುಬ್ಬಳ್ಳಿಯನ್ನು ಹಿಂಡುತ್ತಿತ್ತು. ರೈಲು ಜಂಕ್ಷನ್, ಅರಳೆ ಮತ್ತು ಕಾಳಿನ ಪೇಟೆ. ಸರಕಿನ ಜೊತೆ ಇಲಿ, ಇಲಿಯ ಜೊತೆ ಚಿಗಟ. ವಿಜ್ಞಾನಿ ಹಾಫ್‌ಕಿನ್ ಮುಂಬಯಿಯಲ್ಲಿ ಸಿದ್ಧಪಡಿಸಿ, 1897ರಲ್ಲಿ ಮೊದಲು ತನಗೇ ಚುಚ್ಚಿಕೊಂಡ ಲಸಿಕೆಯನ್ನು ಹುಬ್ಬಳ್ಳಿಯಲ್ಲಿ ಸಾವಿರಾರು ಜನರಿಗೆ ಹಾಕಿದರು.

ಮನೆ ಬಿಡಿಸುವ ಮದ್ದನ್ನು ಸರಕಾರವೂ ಹಿಡಿಯಿತು, ಆದರೆ ಪೊಲೀಸರ ಕೈಯಿಂದ. ತಾನಾಗಿ ಹೊಲಕ್ಕೆ ಹೋಗುತ್ತಿದ್ದ ಮನುಷ್ಯನೇ ಕ್ಯಾಂಪಿಗೆ ಎಳೆದೊಯ್ಯುತ್ತಾರೆಂದು ರೋಗಿಯನ್ನು ಬಚ್ಚಿಟ್ಟ. ಪುಣೆಯಲ್ಲಿ ಸೋಲ್ಜರುಗಳು ಮನೆಮನೆ ನುಗ್ಗಿ ತಪಾಸಣೆ ಮಾಡಿದರು. 1897ರ ಜೂನ್‌ನಲ್ಲಿ ಪ್ಲೇಗ್ ಅಧಿಕಾರಿ ರ‍್ಯಾಂಡ್‌ಗೆ ಚಾಪೇಕರ ಸೋದರರು ಗುಂಡು ಹೊಡೆದರು. ಅಧಿಕಾರಿಗಳಿಗೆ ಅಷ್ಟು ಬಲ ಕೊಟ್ಟದ್ದು ಅದೇ ವರ್ಷದ ಸಾಂಕ್ರಾಮಿಕ ರೋಗಗಳ ಕಾಯ್ದೆ. 2020ರ ಮಾರ್ಚ್‌ನಲ್ಲಿ ನಿಮ್ಮನ್ನು ಮನೆಯಲ್ಲಿ ಕೂರಿಸಲು ಮೊದಲು ತೆಗೆದದ್ದೂ ಅದನ್ನೇ.