ಮೆಕ್ಸಿಕೊ ಸಿನಿಮಾ: ಕಚ್ಚಾ ಫಿಲ್ಮ್, ಸಾಲ ಮತ್ತು ಚಿತ್ರಮಂದಿರಗಳ ಚರಿತ್ರೆ

ಮೆಕ್ಸಿಕೊ ದೇಶದ ಸಿನಿಮಾದ ಏಳುಬೀಳುಗಳನ್ನು ಸಾಮಾನ್ಯವಾಗಿ ಅಲ್ಲಿನ ನಿರ್ದೇಶಕರ ಮತ್ತು ತಾರೆಯರ ಪ್ರತಿಭೆಯ ಮೂಲಕ ವಿವರಿಸಲಾಗುತ್ತದೆ. ಪ್ರತಿಭೆಗೆ ಅಲ್ಲಿ ಎಂದೂ ಬರವಿರಲಿಲ್ಲ. ಆದರೆ ಕಚ್ಚಾ ಫಿಲ್ಮ್ (ಚಿತ್ರೀಕರಣಕ್ಕೆ ಬೇಕಾದ ಖಾಲಿ ಫಿಲ್ಮ್ ಸುರುಳಿ) ಯಾರಿಂದ ಬರುತ್ತದೆ, ಸಾಲ ಯಾರು ಕೊಡುತ್ತಾರೆ, ಚಿತ್ರಮಂದಿರದ ಬೀಗದ ಕೈ ಯಾರ ಬಳಿ ಇದೆ ಎಂಬ ಮೂರು ಸಂಗತಿಗಳೇ ಆ ಉದ್ಯಮದ ಹಣೆಬರಹವನ್ನು ಮತ್ತೆ ಮತ್ತೆ ನಿರ್ಧರಿಸಿದವು.

ಸಿನಿಮಾದ ಆದ್ಯರಾದ ಫ್ರಾನ್ಸ್‌ನ ಲ್ಯೂಮಿಯೇರ್ ಸಹೋದರರ ಪ್ರತಿನಿಧಿಗಳು 1896ರ ಆಗಸ್ಟ್‌ನಲ್ಲಿ ಚಪುಲ್ತೆಪೆಕ್ ಕೋಟೆಯಲ್ಲಿ ಅಧ್ಯಕ್ಷ ಪೊರ್ಫಿರಿಯೊ ದಿಯಾಸ್‌ಗೆ ಚಲಿಸುವ ಚಿತ್ರಗಳನ್ನು ತೋರಿಸಿದರು. ಹದಿನಾಲ್ಕು ವರ್ಷಗಳ ನಂತರ ಅದೇ ದಿಯಾಸ್ ವಿರುದ್ಧ ಕ್ರಾಂತಿ ಆರಂಭವಾದಾಗ, ಸಾಲ್ವದೋರ್ ತೊಸ್ಕಾನೊ ಅವರಂಥವರು ಕ್ಯಾಮೆರಾ ಹೊತ್ತು ಅದನ್ನು ದಾಖಲಿಸಿದರು. ಅವರು ಸೆರೆಹಿಡಿದ ದೃಶ್ಯಗಳನ್ನು ಮಗಳು ಕಾರ್ಮೆನ್ ತೊಸ್ಕಾನೊ ಜೋಡಿಸಿ 1950ರಲ್ಲಿ ಸಾಕ್ಷ್ಯಚಿತ್ರವಾಗಿ ಹೊರತಂದರು.

ವಾಕ್ಚಿತ್ರಗಳ ಯುಗದಲ್ಲಿ ನಿರ್ಣಾಯಕವಾದ ವರ್ಷ 1936. ಆ ವರ್ಷ ಫರ್ನಾಂಡೊ ದೆ ಫುವೆಂತೆಸ್ ಎಂಬ ಒಬ್ಬನೇ ನಿರ್ದೇಶಕ ಎರಡು ಚಿತ್ರಗಳನ್ನು ಮಾಡಿದ. ಒಂದು, ಕ್ರಾಂತಿಯ ದಂಡನಾಯಕ ಪಾಂಚೊ ವಿಯಾನ ಸೈನ್ಯ ಸೇರಿದ ಹಳ್ಳಿಗರು ಒಬ್ಬೊಬ್ಬರಾಗಿ ಸಾಯುವ, ಕ್ರಾಂತಿಯ ಕುರಿತು ಯಾವ ಭ್ರಮೆಯನ್ನೂ ಉಳಿಸದ ಕಥೆ. ಸರ್ಕಾರದ ನೆರವಿದ್ದರೂ ಅದು ಗಲ್ಲಾಪೆಟ್ಟಿಗೆಯಲ್ಲಿ ಸೋತಿತು. ಇನ್ನೊಂದು ‘ಅಯಾ ಎನ್ ಎಲ್ ರಾಂಚೊ ಗ್ರಾಂದೆ’: ಹಾಡು, ಕುದುರೆ, ಒಳ್ಳೆಯ ಜಮೀನ್ದಾರ, ನಿಷ್ಠಾವಂತ ಆಳುಗಳು. ಅಧ್ಯಕ್ಷ ಲಾಸಾರೊ ಕಾರ್ದೆನಾಸ್ ದೊಡ್ಡ ಜಮೀನುಗಳನ್ನು ಒಡೆದು ರೈತರಿಗೆ ಹಂಚುತ್ತಿದ್ದ ಹೊತ್ತಿನಲ್ಲಿಯೇ ಜಮೀನ್ದಾರಿಯ ಈ ಸುಖಚಿತ್ರ ಇಡೀ ಲ್ಯಾಟಿನ್ ಅಮೆರಿಕವನ್ನು ಗೆದ್ದಿತು. ಮೊದಲನೆಯದೇ ಶ್ರೇಷ್ಠವೆಂದು ಇಂದು ವಿಮರ್ಶಕರು ಹೇಳುತ್ತಾರೆ, ನನ್ನ ಅಭಿಪ್ರಾಯವೂ ಅದೇ. ಆದರೆ ಅಗಲ ಟೋಪಿಯ, ಹಾಡುವ ಕುದುರೆ ಸವಾರನೇ ಮೆಕ್ಸಿಕೊ ಎಂಬ ಕಲ್ಪನೆ ಹೊರಜಗತ್ತಿನಲ್ಲಿ ನೆಲೆಯೂರಲು ಎರಡನೆಯದೇ ಕಾರಣವಾಯಿತು.

ಮುಂದಿನ ತಿರುವನ್ನು ಎರಡನೇ ಮಹಾಯುದ್ಧ ತಂದಿತು. ಸ್ಪ್ಯಾನಿಷ್ ಭಾಷೆಯ ಚಿತ್ರಗಳಲ್ಲಿ ಅಲ್ಲಿಯವರೆಗೆ ಅರ್ಜೆಂಟೀನಾ ಪ್ರಬಲ ಪ್ರತಿಸ್ಪರ್ಧಿಯಾಗಿತ್ತು. ಅದು ಯುದ್ಧದಲ್ಲಿ ತಟಸ್ಥವಾಗಿ ಉಳಿದದ್ದರಿಂದ ಅಮೆರಿಕ ಅದಕ್ಕೆ ಕಚ್ಚಾ ಫಿಲ್ಮ್ ಪೂರೈಕೆಯನ್ನು ಕಡಿತಗೊಳಿಸಿತು. 1942ರಲ್ಲಿ ಮಿತ್ರರಾಷ್ಟ್ರಗಳ ಪಕ್ಷ ಸೇರಿದ ಮೆಕ್ಸಿಕೊಗೆ ಫಿಲ್ಮ್, ಯಂತ್ರಗಳು ಮತ್ತು ತಾಂತ್ರಿಕ ನೆರವು ಧಾರಾಳವಾಗಿ ದೊರೆತವು. ಅದೇ ವರ್ಷ ಚಿತ್ರನಿರ್ಮಾಣಕ್ಕೆ ಸಾಲ ಕೊಡುವ ಪ್ರತ್ಯೇಕ ಬ್ಯಾಂಕೂ ಸ್ಥಾಪನೆಯಾಯಿತು. ‘ಸುವರ್ಣಯುಗ’ವೆಂದು ಕರೆಯಲಾಗುವ ಕಾಲದ ತಳಪಾಯ ಇದು.

ಆ ಕಾಲದ ರೂಪವನ್ನು ಕಟ್ಟಿದವರು ನಿರ್ದೇಶಕ ಎಮಿಲಿಯೊ ಫರ್ನಾಂಡೆಸ್ ಮತ್ತು ಛಾಯಾಗ್ರಾಹಕ ಗಾಬ್ರಿಯೆಲ್ ಫಿಗೆರೋವಾ. ಫಿಗೆರೋವಾ ಹಾಲಿವುಡ್‌ನ ಛಾಯಾಗ್ರಾಹಕ ಗ್ರೆಗ್ ಟೋಲಂಡ್ ಬಳಿ ಕಲಿತಿದ್ದರು, ಸ್ವದೇಶದ ಭಿತ್ತಿಚಿತ್ರಕಾರರ ಕೃತಿಗಳನ್ನೂ ನೋಡಿ ಅರಗಿಸಿಕೊಂಡಿದ್ದರು. ಕೆಳಗಿನಿಂದ ಹಿಡಿದ ಚೌಕಟ್ಟು, ಮುಗಿಲು ತುಂಬಿದ ವಿಶಾಲ ಆಕಾಶ, ಅದರ ಎದುರು ಮೌನವಾಗಿ ನಿಂತ ರೈತನ ಮುಖ, ಕತ್ತಾಳೆ ಗಿಡಗಳ ಸಾಲು: ಕಪ್ಪುಬಿಳುಪಿನಲ್ಲಿ ಅವರು ಕಟ್ಟಿದ ನೆಲದ ಘನತೆ ಇಂದಿಗೂ ಮಾಸಿಲ್ಲ. ಮೆಕ್ಸಿಕೊ ನಗರದ ದಕ್ಷಿಣದ ಸೊಚಿಮಿಲ್ಕೊದ ಕಾಲುವೆಗಳ ನಡುವೆ ನಡೆಯುವ ಈ ಜೋಡಿಯ ‘ಮರಿಯಾ ಕಂದೆಲಾರಿಯಾ’ 1946ರ ಫ್ರಾನ್ಸ್‌ನ ಕಾನ್ ಚಿತ್ರೋತ್ಸವದಲ್ಲಿ ಅತ್ಯುನ್ನತ ಪ್ರಶಸ್ತಿ ಹಂಚಿಕೊಂಡ ಚಿತ್ರಗಳಲ್ಲೊಂದು. ಅದರ ಮೂಲನಿವಾಸಿ ಹೆಣ್ಣುಮಗಳ ಪಾತ್ರವನ್ನು ಸಿರಿವಂತ ಮನೆತನದಿಂದ ಬಂದ ತಾರೆ ದೊಲೊರೆಸ್ ದೆಲ್ ರಿಯೊ ನಿರ್ವಹಿಸಿದ್ದನ್ನು ಮರೆಯಬಾರದು. ಮೂಲನಿವಾಸಿಗಳನ್ನು ತೆರೆಯ ಮೇಲೆ ಪೂಜ್ಯಗೊಳಿಸಿದ ಉದ್ಯಮ ಅವರಿಗೆ ನಟರ ಸ್ಥಾನವನ್ನು ಕೊಡಲಿಲ್ಲ.

ಸ್ಪ್ಯಾನಿಷ್ ಮಾತನಾಡುವ ದೇಶಗಳಲ್ಲಿ ಈ ಚಿತ್ರಗಳ ಪ್ರಭಾವಕ್ಕೆ ಸರಳವಾದ ಕಾರಣವಿದೆ. ಹಾಲಿವುಡ್ ಚಿತ್ರಗಳ ಅಡಿಬರಹ ಓದಲಾರದ ಲಕ್ಷಾಂತರ ಅನಕ್ಷರಸ್ಥರಿಗೆ ಮೆಕ್ಸಿಕೊದ ಚಿತ್ರಗಳು ತಮ್ಮದೇ ಭಾಷೆಯಲ್ಲಿ ಮಾತನಾಡಿದವು, ಹಾಡಿದವು. ಗಾಯಕ ನಟರಾದ ಹೋರ್ಹೆ ನೆಗ್ರೆತೆ ಮತ್ತು ಪೆದ್ರೊ ಇನ್ಫಾಂತೆಯರ ರಾಂಚೆರಾ (ಮೆಕ್ಸಿಕೊದ ಗ್ರಾಮೀಣ ಧಾಟಿಯ) ಹಾಡುಗಳು ಕೊಲಂಬಿಯಾದಂಥ ದೇಶಗಳಲ್ಲಿ ಸ್ಥಳೀಯ ಸಂಗೀತದಂತೆಯೇ ಬೇರುಬಿಟ್ಟವು. ಹೆಚ್ಚು ಅಚ್ಚರಿ ಹುಟ್ಟಿಸುವುದು ಯುಗೊಸ್ಲಾವಿಯಾದ ಪ್ರಕರಣ. 1948ರಲ್ಲಿ ಅಲ್ಲಿನ ನಾಯಕ ಟಿಟೊ ಮತ್ತು ಸೋವಿಯತ್ ನಾಯಕ ಸ್ಟಾಲಿನ್ ಬೇರ್ಪಟ್ಟಾಗ ಸೋವಿಯತ್ ಚಿತ್ರಗಳು ಅಲ್ಲಿಗೆ ಬೇಡವಾದವು, ಹಾಲಿವುಡ್ ಮೇಲಿನ ಅನುಮಾನವೂ ಪೂರ್ತಿ ಹೋಗಿರಲಿಲ್ಲ. ಕ್ರಾಂತಿಯ ಕಥೆ ಹೇಳುವ, ಎರಡೂ ಬಣಗಳಿಂದ ದೂರದ ದೇಶವೊಂದರ ಚಿತ್ರಗಳು ಆ ತೆರವಿಗೆ ಸರಿಯಾಗಿ ಹೊಂದಿದವು. ಮರಣದಂಡನೆಗೆ ಗುರಿಯಾದ ಸೈನ್ಯಾಧಿಕಾರಿ ಮತ್ತು ಅವನ ತಾಯಿಯ ಕುರಿತಾದ ಎಮಿಲಿಯೊ ಫರ್ನಾಂಡೆಸ್ ಅವರ 1950ರ ಚಿತ್ರ ಸ್ವದೇಶದಲ್ಲಿ ಬಹುಮಟ್ಟಿಗೆ ಮರೆತುಹೋದರೂ ಯುಗೊಸ್ಲಾವಿಯಾದಲ್ಲಿ ಜನಸಾಗರವನ್ನು ಸೆಳೆಯಿತು. ಅದರ ಬೆನ್ನಿಗೇ ಸ್ಲಾವ್ಕೊ ಪೆರೊವಿಚ್ ಮೊದಲಾದ ಗಾಯಕರು ಅಗಲ ಟೋಪಿ ಧರಿಸಿ ತಮ್ಮ ಭಾಷೆಯಲ್ಲಿ ಮೆಕ್ಸಿಕನ್ ಧಾಟಿಯ ಹಾಡುಗಳನ್ನು ಹಾಡಿ ಜನಪ್ರಿಯರಾದರು.

ಇತ್ತ ಮೆಕ್ಸಿಕೊದಲ್ಲಿ ಕುಸಿತದ ಬೀಜಗಳು ವೈಭವದ ದಿನಗಳಲ್ಲಿಯೇ ಬಿದ್ದಿದ್ದವು. ಮೆಕ್ಸಿಕೊ ನಗರದ ಬೀದಿಮಕ್ಕಳ ಬದುಕನ್ನು ಕರುಣೆಯ ಲೇಪವಿಲ್ಲದೆ ತೋರಿಸಿದ ಸ್ಪೇನ್ ಮೂಲದ ನಿರ್ದೇಶಕ ಲೂಯಿಸ್ ಬುನ್ಯುಯೆಲ್ ಅವರ ‘ಲೋಸ್ ಒಲ್ವಿದಾದೋಸ್’ 1950ರಲ್ಲಿ ದೇಶಕ್ಕೆ ಅವಮಾನವೆಂಬ ಆಕ್ರೋಶ ಎದುರಿಸಿ ಕೆಲವೇ ದಿನಗಳಲ್ಲಿ ಚಿತ್ರಮಂದಿರದಿಂದ ಹೊರಬಿತ್ತು. ಮರುವರ್ಷ ಕಾನ್‌ನಲ್ಲಿ ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ಬಂದ ಮೇಲಷ್ಟೇ ಅದಕ್ಕೆ ಮರುಪ್ರದರ್ಶನದ ಭಾಗ್ಯ ದೊರೆಯಿತು. ಬಹುಪಾಲು ಚಿತ್ರಮಂದಿರಗಳು ಅಮೆರಿಕದ ಉದ್ಯಮಿ ವಿಲಿಯಂ ಜೆಂಕಿನ್ಸ್ ಮತ್ತು ಆತನ ಪಾಲುದಾರರ ಹಿಡಿತದಲ್ಲಿದ್ದವು. ನಿರ್ದೇಶಕರ ಸಂಘ ಹೊಸಬರಿಗೆ ಬಾಗಿಲು ಮುಚ್ಚಿತ್ತು, ಯುದ್ಧ ಮುಗಿದ ಮೇಲೆ ಅಮೆರಿಕದ ನೆರವೂ ನಿಂತಿತ್ತು. 1960ರಲ್ಲಿ ಸರ್ಕಾರ ಪ್ರಮುಖ ಚಿತ್ರಮಂದಿರಗಳನ್ನು ವಶಕ್ಕೆ ಪಡೆದರೂ ಅಗ್ಗದ ಚಿತ್ರಗಳ ಪ್ರವಾಹ ನಿಲ್ಲಲಿಲ್ಲ. 1982ರ ಮಾರ್ಚ್‌ನಲ್ಲಿ ರಾಷ್ಟ್ರೀಯ ಚಿತ್ರಾಗಾರಕ್ಕೆ ಬೆಂಕಿ ಬಿದ್ದು ಸಾವಿರಾರು ಚಿತ್ರಗಳ ಪ್ರತಿಗಳು ನಾಶವಾದದ್ದು ಈ ಚರಿತ್ರೆಯ ಅತ್ಯಂತ ನೋವಿನ ಘಟನೆ.

ಸರ್ಕಾರ 1993ರಲ್ಲಿ ತನ್ನ ಚಿತ್ರಮಂದಿರಗಳನ್ನು ಮಾರಿತು. ಸ್ವದೇಶಿ ಚಿತ್ರಗಳಿಗೆ ಮೀಸಲಿದ್ದ ತೆರೆಯ ಪಾಲನ್ನೂ ಹಂತಹಂತವಾಗಿ ಇಳಿಸಲಾಯಿತು. 1950ರ ಸುಮಾರಿಗೆ ವರ್ಷಕ್ಕೆ ನೂರು ದಾಟಿದ್ದ ನಿರ್ಮಾಣ 1990ರ ದಶಕದ ಕೊನೆಗೆ ಹತ್ತು ಹದಿನೈದಕ್ಕೆ ಕುಸಿಯಿತು. ಅದೇ ಕಾಲದಲ್ಲಿ ಮಲ್ಟಿಪ್ಲೆಕ್ಸ್‌ಗಳು ಬೆಳೆದವು. ಬೆಂಗಳೂರಿನ ಪ್ರೇಕ್ಷಕರಿಗೂ ಪರಿಚಿತವಾದ ಸಿನೆಪೊಲಿಸ್ ಮೆಕ್ಸಿಕೊದ ಮೊರೆಲಿಯಾ ಮೂಲದ ಸಂಸ್ಥೆ, 2009ರಲ್ಲಿ ಭಾರತಕ್ಕೆ ಬಂತು. ಪ್ರತಿಭಾವಂತರು ಹಾಲಿವುಡ್‌ನ ಹಣದ ಕಡೆಗೆ ಹೋದರು. ಅಲ್ಫೊನ್ಸೊ ಕುವರೋನ್, ಅಲೆಹಾಂದ್ರೊ ಗೊನ್ಸಾಲೆಸ್ ಇನ್ಯಾರಿತು ಮತ್ತು ಗಿಯೆರ್ಮೊ ದೆಲ್ ತೋರೊ ಅವರು 2014ರಿಂದ 2019ರವರೆಗಿನ ಆರು ಆಸ್ಕರ್ ಸಮಾರಂಭಗಳಲ್ಲಿ ಐದು ಬಾರಿ ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ಪಡೆದರು. ಕುವರೋನ್ ತಮ್ಮ ಬಾಲ್ಯದ ನಗರಕ್ಕೆ ಮರಳಿ ಮಾಡಿದ ‘ರೋಮಾ’ವನ್ನು ನೆಟ್‌ಫ್ಲಿಕ್ಸ್ ವಿತರಿಸಿತು. ಚಿತ್ರಮಂದಿರದ ಪ್ರದರ್ಶನಕ್ಕೂ ಆನ್‌ಲೈನ್ ಬಿಡುಗಡೆಗೂ ನಡುವಿನ ಅಂತರದ ವಿವಾದದಿಂದಾಗಿ 2018ರಲ್ಲಿ ಮೆಕ್ಸಿಕೊದ ದೊಡ್ಡ ಮಲ್ಟಿಪ್ಲೆಕ್ಸ್ ಸರಣಿಗಳು ಅದನ್ನು ಪ್ರದರ್ಶಿಸಲಿಲ್ಲ. ಚಿಕ್ಕ ಸ್ವತಂತ್ರ ಚಿತ್ರಮಂದಿರಗಳಲ್ಲಿ, ಹಿಂದೆ ಅಧ್ಯಕ್ಷರ ಅಧಿಕೃತ ನಿವಾಸವಾಗಿದ್ದ ಲೋಸ್ ಪಿನೋಸ್‌ನ ಅಂಗಳದಲ್ಲಿ ಜನ ಅದನ್ನು ನೋಡಿದರು. ವಿದೇಶಿ ಭಾಷೆಯ ಚಿತ್ರಗಳ ವಿಭಾಗದಲ್ಲಿ ಮೆಕ್ಸಿಕೊಗೆ ಮೊದಲ ಆಸ್ಕರ್ ತಂದುಕೊಟ್ಟದ್ದು ಆ ಚಿತ್ರವೇ.