ಕರೆಂಟ್ ಹೋಗಿ ಬಂದರೆ ಹೆಡ್‌ಸೆಟ್‌ನ ಮೈಕ್ ಸುಟ್ಟುಹೋಗುತ್ತದೆಯೇ?

ಪ್ರಶ್ನೆ: ನನ್ನ ಗೇಮಿಂಗ್ ಹೆಡ್‌ಸೆಟ್‌ನಲ್ಲಿ ಆಟದ ಶಬ್ದ ಚೆನ್ನಾಗಿಯೇ ಕೇಳುತ್ತಿದೆ. ಆದರೆ ಮೊನ್ನೆ ಗುಡುಗು ಮಳೆಗೆ ಕರೆಂಟ್ ಹೋಗಿ ಬಂದಾಗಿನಿಂದ ನಾನು ಮಾತನಾಡಿದ್ದು ತಂಡದವರಿಗೆ ಕೇಳುತ್ತಿಲ್ಲ. ಅಂಗಡಿಯವರು ಮೈಕ್ ಸುಟ್ಟುಹೋಗಿದೆ, ಹೊಸ ಹೆಡ್‌ಸೆಟ್ ತೆಗೆದುಕೊಳ್ಳಿ ಎನ್ನುತ್ತಾರೆ. ಇದು ನಿಜವೇ?

ಏಪ್ರಿಲ್ ತಿಂಗಳ ಗುಡುಗು ಮಳೆ ಶುರುವಾದಾಗಿನಿಂದ, ಗಾಳಿಗೆ ಮರ ಬಿದ್ದು ತಂತಿ ತುಂಡಾಗುವ ಆಷಾಢ ಕಳೆಯುವವರೆಗೂ ಈ ಒಂದೇ ಪ್ರಶ್ನೆ ಮೂಡಿಗೆರೆ, ಕೊಪ್ಪ, ಕಳಸ, ಚಿಕ್ಕಮಗಳೂರು, ಅತ್ತ ಸಕಲೇಶಪುರದಿಂದಲೂ ಬರುತ್ತಲೇ ಇರುತ್ತದೆ. ಹೆಡ್‌ಸೆಟ್‌ನ ಹೆಸರು ಬದಲಾಗುತ್ತದೆ, ಆಟದ ಹೆಸರು ಬದಲಾಗುತ್ತದೆ, "ಕರೆಂಟ್ ಹೋಗಿ ಬಂದ ಮೇಲೆ ಸುಟ್ಟುಹೋಯಿತು" ಎಂಬ ಮಾತು ಮಾತ್ರ ಬದಲಾಗುವುದಿಲ್ಲ. ಹಿಂದೆ ಹಲವು ಬಾರಿ ಕೊಟ್ಟ ಉತ್ತರವನ್ನೇ ಮತ್ತೆ ಕೊಡುತ್ತಿದ್ದೇನೆ. ಈ ಸಲ ಕಾರಣಗಳ ಸಮೇತ ವಿಸ್ತಾರವಾಗಿ ಬರೆಯುತ್ತೇನೆ, ಏಕೆಂದರೆ ಕಾರಣ ತಿಳಿಯದೆ ಉತ್ತರವನ್ನಷ್ಟೇ ಒಪ್ಪಿಕೊಂಡವರು ಮುಂದಿನ ಮಳೆಗಾಲಕ್ಕೆ ಮತ್ತೊಂದು ಹೆಡ್‌ಸೆಟ್ ಕೊಂಡುಬಿಟ್ಟಿರುತ್ತಾರೆ.

ಕಿವಿಯಲ್ಲಿ ಶಬ್ದ ಕೇಳುತ್ತಿರುವಾಗ, ಅದೇ ಹೆಡ್‌ಸೆಟ್‌ನ ಮೈಕ್ ಮಾತ್ರ ಕರೆಂಟಿನ ಏರುಪೇರಿಗೆ ಸುಟ್ಟಿರುವ ಸಾಧ್ಯತೆ ಇಲ್ಲವೆಂದೇ ಹೇಳಬೇಕು. ಏಕೆ ಇಲ್ಲ ಎಂಬುದು ತಿಳಿಯಬೇಕಾದರೆ ಮೈಕ್‌ನ ಒಳಗೆ ಏನಿದೆ ಎಂದು ನೋಡಬೇಕು. ಮೈಕ್ ಕಡ್ಡಿಯ ತುದಿಯ ಸ್ಪಂಜನ್ನು ತೆಗೆದರೆ ಒಳಗೆ ಸಾಮಾನ್ಯವಾಗಿ 6ರಿಂದ 10 ಮಿಲಿಮೀಟರ್ ಅಗಲದ ಒಂದು ಲೋಹದ ಡಬ್ಬಿ ಇರುತ್ತದೆ. ಇದು ಎಲೆಕ್ಟ್ರೆಟ್ ಮೈಕ್. 1962ರಲ್ಲಿ ಅಮೆರಿಕದ ಬೆಲ್ ಪ್ರಯೋಗಾಲಯದಲ್ಲಿ ಗೆರ್ಹಾರ್ಡ್ ಸೆಸ್ಲರ್ ಮತ್ತು ಜೇಮ್ಸ್ ವೆಸ್ಟ್ ರೂಪಿಸಿದ ತತ್ತ್ವವೇ ಇಂದಿಗೂ ಇದರಲ್ಲಿ ಕೆಲಸ ಮಾಡುತ್ತಿದೆ. ಡಬ್ಬಿಯೊಳಗಿನ ತೆಳುವಾದ ಪೊರೆ ಅಥವಾ ಅದರ ಹಿಂದಿನ ತಟ್ಟೆ, ಕಾರ್ಖಾನೆಯಲ್ಲಿ ತುಂಬಿಟ್ಟ ವಿದ್ಯುದಂಶವನ್ನು ವರ್ಷಗಟ್ಟಲೆ ತನ್ನಲ್ಲೇ ಹಿಡಿದಿಟ್ಟುಕೊಳ್ಳುತ್ತದೆ. ನಾವು ಮಾತನಾಡಿದಾಗ ಪೊರೆ ಅದುರಿ ಉಂಟಾಗುವ ಅತಿ ಸಣ್ಣ ಸಂಕೇತವನ್ನು ಒಳಗಿರುವ ಒಂದು ಪುಟ್ಟ ಟ್ರಾನ್ಸಿಸ್ಟರ್ ಹೊರಗೆ ದಾಟಿಸುತ್ತದೆ. ಕಂಪ್ಯೂಟರಿನಿಂದ ಮೈಕ್‌ಗೆ ವಿದ್ಯುತ್ ಬೇಕಾಗುವುದು ಈ ಟ್ರಾನ್ಸಿಸ್ಟರ್‌ಗೆ ಮಾತ್ರ, ಅದೂ ಎರಡು ಮೂರು ವೋಲ್ಟ್‌ನಷ್ಟು. ಆ ವಿದ್ಯುತ್ತು ಕೂಡ ನೇರವಾಗಿ ಬರದೆ, ಪ್ರವಾಹಕ್ಕೆ ತಡೆ ಒಡ್ಡುವ ರೆಸಿಸ್ಟರ್ ಎಂಬ ಬಿಡಿಭಾಗದ ಮೂಲಕ ಬರುತ್ತದೆ; ಹರಿಯುವ ಪ್ರವಾಹ ಸಾಮಾನ್ಯವಾಗಿ ಅರ್ಧ ಮಿಲಿಆಂಪಿಯರ್ ದಾಟುವುದಿಲ್ಲ. ಮೈಕ್‌ನ ಎರಡು ತಂತಿಗಳು ಒಂದಕ್ಕೊಂದು ತಗುಲಿ ಶಾರ್ಟ್ ಆದರೂ ಆ ರೆಸಿಸ್ಟರ್ ಪ್ರವಾಹವನ್ನು ಒಂದೆರಡು ಮಿಲಿಆಂಪಿಯರ್‌ಗೇ ತಡೆಯುತ್ತದೆ. ಬೆರಳಿಗೆ ಬೆಚ್ಚಗೆ ತಾಗುವಷ್ಟು ಶಾಖವೂ ಹುಟ್ಟದ ಜಾಗದಲ್ಲಿ ಸುಡುವುದಕ್ಕೆ ಏನಿದೆ?

ಇನ್ನು ಗೋಡೆಯ ಸಾಕೆಟ್‌ನಿಂದ ಮೈಕ್‌ನವರೆಗಿನ ದಾರಿಯನ್ನು ಗಮನಿಸಿ. 230 ವೋಲ್ಟ್ ಮೊದಲು ಕಂಪ್ಯೂಟರಿನ ಎಸ್‌ಎಂಪಿಎಸ್ ಎಂಬ ವಿದ್ಯುತ್ ಪೂರೈಕೆಯ ಡಬ್ಬಿಗೆ ಹೋಗಿ ಅಲ್ಲಿ 12, 5 ಮತ್ತು 3.3 ವೋಲ್ಟ್‌ಗೆ ಇಳಿಯುತ್ತದೆ. ಅಲ್ಲಿಂದ ಮದರ್‌ಬೋರ್ಡ್‌ಗೆ, ಮದರ್‌ಬೋರ್ಡ್‌ನಿಂದ ಆಡಿಯೊ ಚಿಪ್‌ಗೆ, ಆ ಚಿಪ್‌ನಿಂದ ಕೊನೆಗೆ ಮೈಕ್‌ಗೆ. ಮೇಲಿನ ಗದ್ದೆಗಳ ಬದುಗಳೆಲ್ಲ ಒಡೆಯದೆ ಕೆಳಗಿನ ಕೊನೆಯ ಗದ್ದೆಗೆ ನೆರೆ ನುಗ್ಗುವುದಿಲ್ಲ. ಹಾಗೆಯೇ ಎಸ್‌ಎಂಪಿಎಸ್, ಮದರ್‌ಬೋರ್ಡ್, ಆಡಿಯೊ ಚಿಪ್ ಇವೆಲ್ಲವೂ ಕೆಡದೆ ಏರಿದ ವೋಲ್ಟೇಜ್ ಮೈಕ್‌ವರೆಗೆ ತಲುಪುವುದಿಲ್ಲ. ನಿಮ್ಮ ಕಿವಿಗೆ ಶಬ್ದ ಕಳುಹಿಸುತ್ತಿರುವುದು ಕೂಡ ಅದೇ ಆಡಿಯೊ ಚಿಪ್. ಶಬ್ದ ಕೇಳುತ್ತಿದೆ ಎಂದರೆ ಚಿಪ್ ಬದುಕಿದೆ ಎಂದರ್ಥ. ಚಿಪ್ ಬದುಕಿರುವಾಗ ಅದನ್ನು ದಾಟಿಕೊಂಡು ಹೋಗಿ ಮೈಕ್ ಅನ್ನು ಮಾತ್ರ ಸುಟ್ಟುಬರುವ ದಾರಿ ಕರೆಂಟಿಗೆ ಇಲ್ಲ.

ಲ್ಯಾಪ್‌ಟಾಪ್ ಬಳಸುವವರೂ ಇದೇ ಮಾತನ್ನು ಹೇಳುತ್ತಾರೆ ಎಂಬುದು ನನಗೆ ಇನ್ನೂ ಬೇಸರದ ಸಂಗತಿ. ಕರೆಂಟ್ ಹೋದ ಕ್ಷಣದಿಂದ ಲ್ಯಾಪ್‌ಟಾಪ್ ಬ್ಯಾಟರಿಯಲ್ಲಿ ನಡೆಯುತ್ತಿರುತ್ತದೆ. ಮತ್ತೆ ಕರೆಂಟ್ ಬಂದದ್ದು ಚಾರ್ಜರ್‌ಗೆ ಮಾತ್ರ ತಿಳಿಯುವ ವಿಷಯ. ಯುಎಸ್‌ಬಿ ಹೆಡ್‌ಸೆಟ್ ಆದರೂ ಅಷ್ಟೇ. ಅದಕ್ಕೆ ತನ್ನದೇ ಆದ ಆಡಿಯೊ ಚಿಪ್ ಇರುತ್ತದೆ, ಅದು ಸುಟ್ಟರೆ ಮೈಕ್ ಜೊತೆಗೆ ಶಬ್ದವೂ ಹೋಗಿ, ಕಂಪ್ಯೂಟರ್ ಆ ಹೆಡ್‌ಸೆಟ್ ಅನ್ನು ಗುರುತಿಸುವುದನ್ನೇ ನಿಲ್ಲಿಸುತ್ತದೆ.

ಸಿಡಿಲಿನ ವಿಷಯ ಬೇರೆ. ಹತ್ತಿರದಲ್ಲಿ ಸಿಡಿಲು ಬಡಿದು ಅದರ ಆಘಾತ ವಿದ್ಯುತ್ ತಂತಿಯಲ್ಲೋ ಇಂಟರ್ನೆಟ್ ಕೇಬಲ್‌ನಲ್ಲೋ ಹರಿದು ಬಂದರೆ ಮೋಡೆಮ್, ನೆಟ್‌ವರ್ಕ್ ಪೋರ್ಟ್, ಕೆಲವೊಮ್ಮೆ ಇಡೀ ಮದರ್‌ಬೋರ್ಡ್ ಹೋಗುತ್ತದೆ. ಅದನ್ನು ನಾನು ಅಲ್ಲಗಳೆಯುತ್ತಿಲ್ಲ. ಗುಡುಗು ಕೇಳಿಸಿದೊಡನೆ ಎಲ್ಲ ಪ್ಲಗ್‌ಗಳನ್ನೂ ಕಿತ್ತಿಡುವ ನಮ್ಮ ಮನೆಗಳ ಅಭ್ಯಾಸ ಒಳ್ಳೆಯದೇ, ಅದನ್ನು ಬಿಡಬೇಡಿ. ಆದರೆ ಮೈಕ್ ಕೆಡುವ ನಿಜವಾದ ಕಾರಣ ಬಹಳ ಸಲ ಈ ಅಭ್ಯಾಸದಲ್ಲೇ ಅಡಗಿದೆ, ಹೇಗೆಂದರೆ ಕಿತ್ತದ್ದನ್ನು ಮತ್ತೆ ಚುಚ್ಚುವಾಗ.

ಡೆಸ್ಕ್‌ಟಾಪ್ ಕ್ಯಾಬಿನೆಟ್‌ನ ಹಿಂಭಾಗದಲ್ಲಿ ಮೂರು ತೂತುಗಳು ಸಾಲಾಗಿರುತ್ತವೆ. ಹಸಿರು ಕಿವಿಗೆ, ಗುಲಾಬಿ ಮೈಕ್‌ಗೆ, ತಿಳಿ ನೀಲಿ ಹೊರಗಿನ ಬೇರೆ ಉಪಕರಣಗಳ ಶಬ್ದವನ್ನು ಒಳಗೆ ತರಲು. ಮೇಜಿನ ಕೆಳಗೆ ಟಾರ್ಚ್ ಹಿಡಿದು ಬಗ್ಗಿ ಚುಚ್ಚುವಾಗ ಮೈಕ್‌ನ ಪಿನ್ ನೀಲಿಗೆ ಹೋಗುವುದು ತೀರ ಸಾಮಾನ್ಯ. ನೀಲಿ ತೂತಿನಲ್ಲಿ ಮೈಕ್‌ಗೆ ಬೇಕಾದ ಆ ಎರಡು ಮೂರು ವೋಲ್ಟ್ ಸಿಗುವುದಿಲ್ಲ, ಆದ್ದರಿಂದ ಅಲ್ಲಿ ಮೈಕ್ ಮೂಕವಾಗುತ್ತದೆ. ಪಿನ್ ಒಂದೇ ಇದ್ದರೆ ಅದರ ಮೇಲಿನ ಕಪ್ಪು ಗೆರೆಗಳನ್ನು ಎಣಿಸಿ. ಮೂರು ಗೆರೆಗಳಿದ್ದರೆ ಅದು ಎಡಗಿವಿ, ಬಲಗಿವಿ, ಅರ್ತ್ ಮತ್ತು ಮೈಕ್ ಎಂಬ ನಾಲ್ಕು ಭಾಗಗಳ ಪಿನ್. ಎರಡೇ ಗೆರೆಗಳಿದ್ದರೆ ಭಾಗಗಳು ಮೂರು. ನಾಲ್ಕು ಭಾಗದ ಪಿನ್ ಅನ್ನು ಹಸಿರು ತೂತಿಗೆ ಚುಚ್ಚಿದರೆ ಕಿವಿಗೆ ಶಬ್ದ ಬರಬಹುದು, ಆದರೆ ಮೈಕ್‌ನ ಭಾಗದಿಂದ ಮಾತನ್ನು ಒಳಗೆ ಒಯ್ಯುವ ಸಂಪರ್ಕವೇ ಅಲ್ಲಿ ಇರುವುದಿಲ್ಲ. ಅದಕ್ಕೆ ಮೈಕ್ ಮತ್ತು ಹೆಡ್‌ಫೋನ್ ಎರಡಾಗಿ ಕವಲೊಡೆಯುವ ಸ್ಪ್ಲಿಟರ್ ಬೇಕು. ಮೊದಲು ಸ್ಪ್ಲಿಟರ್ ಇದ್ದು, ಗುಡುಗಿನ ಗಡಿಬಿಡಿಯಲ್ಲಿ ಕಿತ್ತಿಟ್ಟು, ಮರುದಿನ ಅದನ್ನು ಬಿಟ್ಟು ಹೆಡ್‌ಸೆಟ್ ಮಾತ್ರ ಚುಚ್ಚಿದವರು ಎಷ್ಟೋ ಮಂದಿ ಇದ್ದಾರೆ.

ಲ್ಯಾಪ್‌ಟಾಪ್‌ಗಳಲ್ಲಿ ಇನ್ನೊಂದು ತೊಡಕು. ಪಿನ್ ಚುಚ್ಚಿದಾಗ ಕೆಲವು ಲ್ಯಾಪ್‌ಟಾಪ್‌ಗಳು ಪರದೆಯ ಮೂಲೆಯಲ್ಲಿ "ನೀವು ಯಾವ ಸಾಧನ ಜೋಡಿಸಿದಿರಿ" ಎಂಬ ಪುಟ್ಟ ಕಿಟಕಿ ತೆರೆದು, ಹೆಡ್‌ಫೋನ್, ಹೆಡ್‌ಸೆಟ್, ಮೈಕ್ ಎಂಬ ಆಯ್ಕೆಗಳನ್ನು ತೋರಿಸುತ್ತವೆ. ಓದದೆ ಹೆಡ್‌ಫೋನ್ ಒತ್ತಿದರೆ ಕಥೆ ಮುಗಿಯಿತು: ಶಬ್ದ ಬರುತ್ತದೆ, ಮೈಕ್ ಬರುವುದಿಲ್ಲ. ಪಿನ್ ಹೊರತೆಗೆದು ಮತ್ತೆ ಚುಚ್ಚಿ, ಈ ಸಲ ಹೆಡ್‌ಸೆಟ್ ಆರಿಸಿ.

ಪಿನ್ ಸರಿಯಾಗಿದ್ದರೂ ವಿಂಡೋಸ್ ಬೇರೆ ಮೈಕ್‌ಗೆ ಕಿವಿಗೊಟ್ಟಿರಬಹುದು. ವೆಬ್‌ಕ್ಯಾಮ್‌ನಲ್ಲಿ ಒಂದು ಮೈಕ್, ಲ್ಯಾಪ್‌ಟಾಪ್‌ನಲ್ಲೇ ಒಂದು, ಹೆಡ್‌ಸೆಟ್‌ನಲ್ಲಿ ಒಂದು ಇರುವಾಗ, ತಂತಿಗಳನ್ನೆಲ್ಲ ಕಿತ್ತು ಮರಳಿ ಜೋಡಿಸಿ ಕಂಪ್ಯೂಟರ್ ಚಾಲೂ ಮಾಡಿದಾಗ ವಿಂಡೋಸ್ ಇವುಗಳಲ್ಲಿ ಇನ್ನೊಂದನ್ನು ಮುಖ್ಯವೆಂದು ಹಿಡಿದುಕೊಂಡಿರುತ್ತದೆ. ಸೆಟ್ಟಿಂಗ್ಸ್‌ನಲ್ಲಿ ಸಿಸ್ಟಮ್, ಅದರಲ್ಲಿ ಸೌಂಡ್, ಅದರ ಇನ್‌ಪುಟ್ ವಿಭಾಗಕ್ಕೆ ಹೋಗಿ ಹೆಡ್‌ಸೆಟ್‌ನ ಮೈಕ್ ಆರಿಸಿ ಮಾತನಾಡಿ; ಧ್ವನಿಯ ಮಟ್ಟ ತೋರಿಸುವ ಪಟ್ಟಿ ಏರಿಳಿದರೆ ಮೈಕ್ ಸರಿಯಾಗಿದೆ. ಪಟ್ಟಿ ಏರಿಳಿದೂ ತಂಡದವರಿಗೆ ಕೇಳದಿದ್ದರೆ ದೋಷ ಆಟದಲ್ಲೋ, ಆಡುವವರು ಪರಸ್ಪರ ಮಾತನಾಡಲು ಬಳಸುವ ಡಿಸ್ಕಾರ್ಡ್ ಆ್ಯಪ್‌ನಲ್ಲೋ ಇದೆ, ಅವುಗಳಿಗೆ ತಮ್ಮದೇ ಆದ ಮೈಕ್ ಆಯ್ಕೆ ಇರುತ್ತದೆ. ವಾಲರೆಂಟ್‌ನಂತಹ ಆಟಗಳಲ್ಲಿ ಕೀ ಒತ್ತಿ ಹಿಡಿದರೆ ಮಾತ್ರ ಮಾತು ಹೋಗುವ ವ್ಯವಸ್ಥೆಯೂ ಇದೆ. ಪ್ರೈವಸಿ ಅಂಡ್ ಸೆಕ್ಯುರಿಟಿ ವಿಭಾಗದಲ್ಲಿ ಮೈಕ್ರೊಫೋನ್ ಬಳಸಲು ಡೆಸ್ಕ್‌ಟಾಪ್ ಆ್ಯಪ್‌ಗಳಿಗೆ ಅನುಮತಿ ಇದೆಯೇ ಎಂಬುದನ್ನೂ ನೋಡಿ. ತಂತಿಯ ಮೇಲಿನ ಮ್ಯೂಟ್ ಗುಂಡಿ, ಮೇಲಕ್ಕೆ ಮಡಚಿದರೆ ಮ್ಯೂಟ್ ಆಗುವ ಕಡ್ಡಿ, ಬಿಚ್ಚಿ ಜೋಡಿಸುವ ಕಡ್ಡಿಯಾದರೆ ಅದು ಪೂರ್ತಿ ಒಳಗೆ ಕೂತಿದೆಯೇ ಎಂಬುದು, ಇವನ್ನು ನೋಡಲು ಅರ್ಧ ನಿಮಿಷ ಸಾಕು.

ಇಷ್ಟಾದ ಮೇಲೂ ಅನುಮಾನವಿದ್ದರೆ ಹೆಡ್‌ಸೆಟ್ ಅನ್ನು 3.5 ಮಿಲಿಮೀಟರ್ ತೂತು ಇರುವ ಮೊಬೈಲ್‌ಗೆ ಚುಚ್ಚಿ ಧ್ವನಿ ಮುದ್ರಿಸಿ ನೋಡಿ. ಹೆಡ್‌ಸೆಟ್‌ಗೆ ಎರಡು ಪಿನ್‌ಗಳಿದ್ದರೆ ಅವೆರಡನ್ನೂ ಒಂದಾಗಿಸುವ ಕನೆಕ್ಟರ್ ಬೇಕಾಗುತ್ತದೆ. ಇಲ್ಲಿ ಹೆಚ್ಚಿನವರು ಎಡವುವ ಒಂದು ಸ್ಥಳವಿದೆ. ಮೊಬೈಲ್ ತನ್ನ ಸ್ವಂತ ಮೈಕ್‌ನಿಂದಲೇ ನಿಮ್ಮ ಮಾತನ್ನು ಮುದ್ರಿಸಿಕೊಂಡಿರಬಹುದು, ನೀವು ಹೆಡ್‌ಸೆಟ್ ಸರಿ ಇದೆ ಎಂದುಕೊಳ್ಳುತ್ತೀರಿ. ಆದ್ದರಿಂದ ಮಾತನಾಡಬೇಡಿ, ತಂತಿ ಹೋಗುವಷ್ಟು ದೂರಕ್ಕೆ ಮೊಬೈಲ್ ಸರಿಸಿ, ಉಗುರಿನಿಂದ ಮೈಕ್‌ನ ಸ್ಪಂಜನ್ನು ಮೆಲ್ಲಗೆ ಕೆರೆಯಿರಿ. ಆ ಕೆರೆತ ಮುದ್ರಣದಲ್ಲಿ ಜೋರಾಗಿ ಕಿವಿಗೆ ಬಿದ್ದರೆ ಮೈಕ್ ಜೀವಂತವಾಗಿದೆ. ಮುದ್ರಣ ನಡೆಯುತ್ತಿರುವಾಗಲೇ ಪಿನ್‌ನ ಬುಡದಲ್ಲಿ, ಹಾಗೂ ಕಿವಿಯ ಬಟ್ಟಲಿಗೆ ತಂತಿ ಸೇರುವ ಜಾಗದಲ್ಲಿ ತಂತಿಯನ್ನು ನಿಧಾನವಾಗಿ ಬಾಗಿಸಿ ನೋಡಿ. ಶಬ್ದ ಬಂದು ಬಂದು ಹೋದರೆ ಒಳಗೆ ತಂತಿ ತುಂಡಾಗಿದೆ. ಮೈಕ್ ಕೆಟ್ಟಿದೆ ಎಂದು ಬರುವ ಹೆಡ್‌ಸೆಟ್‌ಗಳಲ್ಲಿ ನಿಜವಾದ ಕೇಡು ಬಹುಪಾಲು ಇದೇ. ಮೊಬೈಲ್ ರಿಪೇರಿಯವರು ಪಿನ್ ಕತ್ತರಿಸಿ ಹೊಸ ಪಿನ್ ಬೆಸೆದು ಕೊಡುತ್ತಾರೆ. ಒಳಗಿನ ಎಳೆಗಳ ಮೇಲೆ ಬಣ್ಣದ ವಾರ್ನಿಷ್ ಲೇಪವಿರುತ್ತದೆ, ಅದನ್ನು ಸುಟ್ಟೋ ಕೆರೆದೋ ತೆಗೆಯದೆ ಬೆಸೆದರೆ ಬೆಸುಗೆ ಹಿಡಿಯುವುದಿಲ್ಲ. ಕೆಲಸ ಬಲ್ಲವರಿಗೇ ಕೊಡಿ.

ಮಲೆನಾಡಿನ ಶೀತ ಮೈಕ್‌ಗೆ ಒಳ್ಳೆಯದಲ್ಲ ಎಂಬುದು ಮಾತ್ರ ನಿಜ. ಕರೆಂಟಿನ ಮೇಲೆ ಹೊರಿಸುವ ಆಪಾದನೆಯ ಸ್ವಲ್ಪ ಭಾಗವನ್ನು ತೇವದ ಮೇಲೆ ಹೊರಿಸಬಹುದು. ಉಸಿರಿನ ಪಸೆ, ಎಂಜಲು, ತಿಂಗಳುಗಟ್ಟಲೆ ಒಣಗದ ಗಾಳಿ ಸೇರಿ ಪಿನ್‌ನ ಮೇಲೆ ಕಿಲುಬು ಕಟ್ಟುತ್ತದೆ, ಮೈಕ್‌ನ ಪೊರೆಯ ಮೇಲೆ ಕೊಳೆ ಕೂರುತ್ತದೆ. ಹಾಗೆ ಕೆಟ್ಟ ಮೈಕ್ ಒಂದೇ ರಾತ್ರಿಯಲ್ಲಿ ನಿಲ್ಲುವುದಿಲ್ಲ. ದಿನದಿಂದ ದಿನಕ್ಕೆ ಧ್ವನಿ ಕ್ಷೀಣವಾಗುತ್ತದೆ, ಕರಕರ ಸದ್ದು ಬರುತ್ತದೆ. ಐಸೊಪ್ರೊಪಿಲ್ ಆಲ್ಕೊಹಾಲ್ ತಾಗಿಸಿದ ಹತ್ತಿಯಿಂದ ಪಿನ್ ಒರೆಸಿ, ಸ್ಪಂಜನ್ನು ತೊಳೆದು ಪೂರ್ತಿ ಒಣಗಿಸಿ ಹಾಕಿ. ಹೆಡ್‌ಸೆಟ್ ಅನ್ನು ಅಕ್ಕಿ ಡಬ್ಬದಲ್ಲಿ ಹೂತಿಡಬೇಡಿ, ಅಕ್ಕಿಯ ಧೂಳು ಮೈಕ್‌ನ ರಂಧ್ರಕ್ಕೆ ಸೇರುತ್ತದೆ.

ಕರೆಂಟಿಗೂ ಮೈಕ್‌ಗೂ ಇರುವ ನಿಜವಾದ ನಂಟು ಒಂದೇ: ಗುಂಯ್ ಎನ್ನುವ ಸದ್ದು. ಅರ್ತ್ ಸರಿಯಿಲ್ಲದ ಸಾಕೆಟ್‌ಗೆ ಅಥವಾ ಎರಡು ಕಡ್ಡಿಯ ಚಾರ್ಜರ್‌ಗೆ ಲ್ಯಾಪ್‌ಟಾಪ್ ಜೋಡಿಸಿದಾಗ, ಹಾಗೂ ಕೆಲವು ಇನ್ವರ್ಟರ್‌ಗಳ ಮೇಲೆ ಮನೆ ನಡೆಯುತ್ತಿರುವಾಗ ಈ ಸದ್ದು ನಿಮ್ಮ ಮಾತಿನ ಹಿಂದೆ ಸೇರಿಕೊಳ್ಳುತ್ತದೆ. ಚಾರ್ಜರ್ ತೆಗೆದರೆ ಸದ್ದು ನಿಂತಿತೆಂದರೆ ಹೆಡ್‌ಸೆಟ್‌ನಲ್ಲಿ ದೋಷವಿಲ್ಲ, ಅರ್ತಿಂಗ್ ನೋಡಿಸಿ.

ತಂತಿಯ ಗೋಳೇ ಬೇಡವೆಂದು ಬ್ಲೂಟೂತ್ ಹೆಡ್‌ಸೆಟ್ ಕೊಳ್ಳುವವರಿಗೂ ಇಲ್ಲೇ ಒಂದು ಮಾತು ಹೇಳಬೇಕು, ಏಕೆಂದರೆ ಅವರ ದೂರು ಮುಂದಿನ ವಾರ ಬರುವುದು ನನಗೆ ಗೊತ್ತು: ಮೈಕ್ ಚಾಲೂ ಆದೊಡನೆ ಆಟದ ಶಬ್ದ ಹಳೆಯ ಟೆಲಿಫೋನಿನಲ್ಲಿ ಕೇಳಿದಂತೆ ಆಗುತ್ತದೆ ಎಂದು. ಅದು ಕೆಟ್ಟಿರುವುದಲ್ಲ. ಸಾಂಪ್ರದಾಯಿಕ ಬ್ಲೂಟೂತ್‌ನಲ್ಲಿ ಉತ್ತಮ ಸ್ಟೀರಿಯೊ ಶಬ್ದ ಹೋಗುವ ಎ2ಡಿಪಿ ದಾರಿ ಒಮ್ಮುಖವಾದದ್ದು, ಅದರಲ್ಲಿ ಮೈಕ್‌ಗೆ ಸ್ಥಳವಿಲ್ಲ. ಮೈಕ್ ಬೇಕೆಂದಾಗ ಸಂಪರ್ಕವು ಫೋನ್ ಕರೆಗಾಗಿ ರೂಪಿಸಿದ ಎಚ್‌ಎಫ್‌ಪಿ ದಾರಿಗೆ ಬದಲಾಗುತ್ತದೆ. ಅಲ್ಲಿ ಧ್ವನಿಯನ್ನು ಸಾಮಾನ್ಯವಾಗಿ ಸೆಕೆಂಡಿಗೆ 8,000 ಅಥವಾ 16,000 ಬಾರಿ ಮಾತ್ರ ಅಳೆಯುತ್ತಾರೆ. ಸಂಗೀತದ ಸಿಡಿಯಲ್ಲಿ ಆ ಸಂಖ್ಯೆ 44,100. 2022ರಲ್ಲಿ ಸಿದ್ಧವಾದ ಎಲ್‌ಇ ಆಡಿಯೊ ಎಂಬ ಬ್ಲೂಟೂತ್‌ನ ಹೊಸ ಶಬ್ದ ವ್ಯವಸ್ಥೆ ಈ ಕೊರತೆಯನ್ನು ನೀಗಿಸಬಲ್ಲದು, ಆದರೆ ಹೆಡ್‌ಸೆಟ್ ಮತ್ತು ಕಂಪ್ಯೂಟರ್ ಎರಡರಲ್ಲೂ ಅದು ಇರಬೇಕು. ಕೈಯಲ್ಲಿರುವುದು ಹಳೆಯ ಬ್ಲೂಟೂತ್ ಹೆಡ್‌ಸೆಟ್ ಆದರೆ ಆಟದಲ್ಲಿ ಮತ್ತು ಡಿಸ್ಕಾರ್ಡ್‌ನಲ್ಲಿ ಲ್ಯಾಪ್‌ಟಾಪ್‌ನ ಸ್ವಂತ ಮೈಕ್ ಆರಿಸಿಕೊಳ್ಳಿ, ಶಬ್ದ ಮೊದಲಿನ ಹಾಗೆ ಸ್ಪಷ್ಟವಾಗುತ್ತದೆ. ಹೊಸದನ್ನೇ ಕೊಳ್ಳುವುದಾದರೆ ಡಬ್ಬದ ಮೇಲೆ 2.4 ಗಿಗಾಹರ್ಟ್ಸ್ ಎಂದು ಬರೆದಿದೆಯೇ, ಒಳಗೆ ಕಂಪ್ಯೂಟರಿಗೆ ಚುಚ್ಚುವ ಪುಟ್ಟ ಯುಎಸ್‌ಬಿ ಡಾಂಗಲ್ ಇದೆಯೇ ಎಂದು ಕೇಳಿ ನೋಡಿ. ಅಂತಹ ಹೆಡ್‌ಸೆಟ್‌ಗಳು ಬ್ಲೂಟೂತ್ ಬಿಟ್ಟು ತಮ್ಮದೇ ರೇಡಿಯೊ ಸಂಪರ್ಕ ಬಳಸುವುದರಿಂದ ಮೈಕ್ ಮತ್ತು ಸ್ಟೀರಿಯೊ ಶಬ್ದ ಎರಡನ್ನೂ ಒಟ್ಟಿಗೆ ಕೊಡುತ್ತವೆ.