ಬೋಟಿಗೆ ಎಷ್ಟು ಜನ ಹತ್ತಬಹುದು? ನೂರು ವರ್ಷದಿಂದ ಇರುವ ನಿಯಮದ ಕಥೆ

ಬೋಟು ದುರಂತ ಆದಾಗಲೆಲ್ಲ ಕೇಳಿಬರುವ ಮಾತು ಒಂದೇ: ನಮ್ಮಲ್ಲಿ ಕಾನೂನೇ ಇಲ್ಲ. ಕಾನೂನು ಇದೆ, ಅದೂ ಬ್ರಿಟಿಷರ ಕಾಲದಿಂದ. ನದಿಗಳಲ್ಲಿ ಓಡುವ ಉಗಿಹಡಗುಗಳಿಗೆ 1884ರಲ್ಲೇ ಒಂದು ಕಾಯ್ದೆ ಇತ್ತು. 1917ರಲ್ಲಿ ಅದರ ಜಾಗಕ್ಕೆ ಹೊಸದು ಬಂತು. ಹಡಗಿನ ಒಡಲು, ಇಂಜಿನ್ ಎರಡನ್ನೂ ಸರ್ವೇಯರ್, ಅಂದರೆ ಹಡಗು ಪರೀಕ್ಷಿಸುವ ಅಧಿಕಾರಿ, ನೋಡಿ ಸರ್ಟಿಫಿಕೇಟು ಕೊಡಬೇಕು, ಓಡಿಸುವ ಸಾರಂಗನಿಗೂ (ಹಡಗಿನ ಮುಖ್ಯಸ್ಥ) ಇಂಜಿನ್ ಡ್ರೈವರನಿಗೂ ಅವರದೇ ಸರ್ಟಿಫಿಕೇಟು ಇರಬೇಕು, ಎಷ್ಟು ಜನರನ್ನು ಹತ್ತಿಸಬಹುದು ಅಂತ ಹಡಗಿನ ಸರ್ಟಿಫಿಕೇಟಿನಲ್ಲಿ ಬರೆದಿರಬೇಕು, ಅದನ್ನು ಎಲ್ಲರಿಗೂ ಕಾಣುವ ಹಾಗೆ ಹಡಗಿನಲ್ಲೇ ಹಾಕಬೇಕು. ಇದೆಲ್ಲ ಆಗಲೇ ಇತ್ತು.

1977ರ ತಿದ್ದುಪಡಿಯಲ್ಲಿ ಉಗಿಯ ಹೆಸರು ಹೋಗಿ, ಯಂತ್ರದಿಂದ ಓಡುವ ಎಲ್ಲ ಬೋಟುಗಳೂ ಕಾಯ್ದೆಯೊಳಗೆ ಬಂದವು. ಆದರೆ ನಿಯಮ ರಚಿಸುವ, ಜಾರಿ ಮಾಡುವ ಕೆಲಸ ರಾಜ್ಯಗಳದ್ದು. ಅಲ್ಲೇ ಸಡಿಲವಾಯಿತು.

2009ರ ಸೆಪ್ಟೆಂಬರ್ 30ರಂದು ತೇಕ್ಕಡಿಯಲ್ಲಿ ಕೇರಳ ಪ್ರವಾಸೋದ್ಯಮ ನಿಗಮದ ಎರಡಂತಸ್ತಿನ ಬೋಟು ಮಗುಚಿ 45 ಜನ ಸತ್ತರು. ದಡದಲ್ಲಿ ಪ್ರಾಣಿ ಕಂಡಿತೆಂದು ಎಲ್ಲರೂ ಒಂದೇ ಬದಿಗೆ ನುಗ್ಗಿದ್ದರು. ಇಲ್ಲಿ ತಲೆ ಎಣಿಸಿದರಷ್ಟೇ ಸಾಲದು. ಮೇಲಂತಸ್ತಿನಲ್ಲಿ ಜನ ಜಾಸ್ತಿಯಾದರೆ ಭಾರವೆಲ್ಲ ಮೇಲಕ್ಕೆ ಏರುತ್ತದೆ, ಸ್ವಲ್ಪ ವಾಲಿದರೂ ಬೋಟು ನೆಟ್ಟಗಾಗುವುದು ಕಷ್ಟ. 2023ರ ಮೇ 7ರಂದು ಕೇರಳದ್ದೇ ತಾನೂರಿನಲ್ಲಿ 22 ಜನ ಸತ್ತದ್ದು ಇನ್ನೂ ಸಿಟ್ಟು ಬರಿಸುವ ಕಥೆ. ಅದು ಮೀನುಗಾರಿಕೆ ಬೋಟಿಗೆ ಅಂತಸ್ತು ಕಟ್ಟಿ ಟೂರಿಸ್ಟ್ ಬೋಟು ಮಾಡಿದ್ದು. ಮೀನಿನ ಬೋಟಿನಲ್ಲಿ ಮೀನು, ಐಸು ಎಲ್ಲ ತಳದಲ್ಲಿರುತ್ತವೆ, ಇಲ್ಲಿ ಅದೇ ಒಡಲಿನ ತಲೆಯ ಮೇಲೆ ಜನ ಕೂತಿದ್ದರು, ಅದೂ ಕತ್ತಲಾದ ಮೇಲೆ! ಆಮೇಲೆ ಕೇರಳ ಹೈಕೋರ್ಟ್ ಪ್ರಕರಣವನ್ನು ತಾನಾಗಿಯೇ ಕೈಗೆತ್ತಿಕೊಂಡು, ಎಷ್ಟು ಜನ ಅನ್ನುವುದನ್ನು ಬೋಟಿನಲ್ಲಿ ಎದ್ದು ಕಾಣುವಂತೆ ಬರೆಯಿರಿ ಎಂದಿತು. 1917ರ ಮಾತನ್ನೇ ಮತ್ತೆ ಹೇಳಬೇಕಾಯಿತು, ಅಲ್ವಾ?

ನಮ್ಮಲ್ಲೂ ಆಗಿದೆ. 2019ರ ಜನವರಿ 21ರಂದು ಕಾರವಾರದ ಬಳಿಯ ಕೂರ್ಮಗಡ ದ್ವೀಪದ ಜಾತ್ರೆಯಿಂದ ಬರುತ್ತಿದ್ದ ಬೋಟು ಮುಳುಗಿ 16 ಜನ ಸತ್ತರು. ಜಾತ್ರೆ ದಿನ ಎಲ್ಲರಿಗೂ ಬೇಗ ಮನೆ ಸೇರುವ ಆತುರ, ಬೋಟಿನವನಿಗೆ ಒಂದೇ ಸಲಕ್ಕೆ ತುಂಬಿಸುವ ಆಸೆ.

1917ರ ಕಾಯ್ದೆ ತೆಗೆದು 2021ರಲ್ಲಿ ಹೊಸ ಒಳನಾಡು ಹಡಗು ಕಾಯ್ದೆ ತಂದರು. ಒಂದು ರಾಜ್ಯದ ನೋಂದಣಿ ಇಡೀ ದೇಶಕ್ಕೆ ನಡೆಯುತ್ತದೆ, ಬೋಟು ಮತ್ತು ಸಿಬ್ಬಂದಿಯ ವಿವರ ಕೇಂದ್ರದ ದಾಖಲೆಗೆ ಸೇರುತ್ತದೆ, ವಿಮೆ ಕಡ್ಡಾಯ. ಇಂಜಿನ್ ಇಲ್ಲದ ದೋಣಿ, ಹರಿಗೋಲುಗಳನ್ನೂ ಸ್ಥಳೀಯ ಮಟ್ಟದಲ್ಲೇ ಪಟ್ಟಿಗೆ ಸೇರಿಸಲು ಅವಕಾಶವಿದೆ. ಹಂಪಿಯ ಹರಿಗೋಲಿನವರ ಮಟ್ಟಿಗೆ ಇದು ಸಣ್ಣ ಬದಲಾವಣೆಯಲ್ಲ. ಆದರೆ ಸರ್ವೇಯರ್ ಬೋಟನ್ನು ನೋಡುವುದು ಯಾವಾಗಲೋ ಒಮ್ಮೆ. ಭಾನುವಾರ ಸಂಜೆ ಜೆಟ್ಟಿಯಲ್ಲಿ, ಇನ್ನು ಹತ್ತು ಜನ ಹತ್ತಲಿ ಅಂತ ಹೇಳುವುದು ಟಿಕೆಟ್ ಹರಿಯುವವನು.